ಹಡಗು ಕಾಣದ ಬಂದರಿನಲ್ಲಿ

ಬ್ರೂಕ್‌ಫೀಲ್ಡಿನ ಸುತ್ತಮುತ್ತ ಕೆರೆಗಳಿಗೆ ಬರವಿಲ್ಲ. ಕುಂದಲಹಳ್ಳಿ ಕೆರೆ ಕೂಗಳತೆಯಲ್ಲಿದೆ. ಆಚೆಗೆ ನಲ್ಲೂರಹಳ್ಳಿ, ಶೀಲವಂತನ ಕೆರೆ, ಪಟ್ಟಂದೂರು ಅಗ್ರಹಾರ; ಈಚೆಗೆ ಹೂಡಿ, ಸಾದರಮಂಗಲ. ಈ ಯಾವ ನೀರಿನಲ್ಲೂ ಸರಕು ಹೊರುವ ದೋಣಿ ಹುಡುಕಬೇಡಿ. ಆದರೆ ಕಸ್ಟಮ್ಸ್ ಇಲಾಖೆಯ ಪುಸ್ತಕದಲ್ಲಿ ಇದೇ ಭಾಗದಲ್ಲೊಂದು ಬಂದರಿದೆ. ಅದಕ್ಕೊಂದು ಸಂಕೇತವೂ ಇದೆ: ಐಎನ್‌ಡಬ್ಲ್ಯೂಎಫ್‌ಡಿ6. ಮೊದಲ ಎರಡಕ್ಷರ ದೇಶ, ಮುಂದಿನ ಮೂರು ವೈಟ್‌ಫೀಲ್ಡ್. ಕೊನೆಯ ಅಂಕಿಯೇ ಗುಟ್ಟು ಹೇಳುವುದು. 1 ಇದ್ದರೆ ಕಡಲ ಬಂದರು, 4 ಇದ್ದರೆ ವಿಮಾನ ನಿಲ್ದಾಣ, 6 ಇದ್ದರೆ ಒಳನಾಡಿನ ಕಂಟೈನರ್ ಡಿಪೊ. ಜನರ ಬಾಯಲ್ಲಿ ಐಸಿಡಿ.

ಒಳನಾಡಿನಲ್ಲಿ ಬಂದರು ಎಂದರೆ ಅಮೆರಿಕದವರಿಗೆ ಅಚ್ಚರಿಯೇನಲ್ಲ. ಸುಪೀರಿಯರ್ ಸರೋವರದ ದಂಡೆಯ ಡುಲೂತ್ ಊರು ಅಟ್ಲಾಂಟಿಕ್‌ನಿಂದ ಸುಮಾರು 3,700 ಕಿಲೋಮೀಟರ್ ಒಳಗಿದೆ. 1959ರಲ್ಲಿ ಸೇಂಟ್ ಲಾರೆನ್ಸ್ ಜಲಮಾರ್ಗ ತೆರೆದ ಮೇಲೆ ಕಡಲ ಹಡಗುಗಳೂ ಅಲ್ಲಿಗೆ ಹೋಗುತ್ತವೆ. ದಾರಿಯುದ್ದಕ್ಕೂ ಬಾಗಿಲು ಹಾಕಿ ನೀರು ತುಂಬಿಸುವ ಕಟ್ಟೆಗಳಿವೆ. ಹಡಗು ಅವುಗಳಲ್ಲಿ ಮೆಟ್ಟಿಲು ಮೆಟ್ಟಿಲಾಗಿ ಏರಿ ಸಮುದ್ರ ಮಟ್ಟದಿಂದ ಸುಮಾರು 183 ಮೀಟರ್ ಮೇಲಕ್ಕೆ ಬರುತ್ತದೆ. ಆ ಸರೋವರಗಳಲ್ಲೇ ಹುಟ್ಟಿ ಅಲ್ಲೇ ಸವೆಯುವ ಸಾವಿರ ಅಡಿ ಉದ್ದದ ಅದಿರು ಹಡಗುಗಳೂ ಇವೆ. ಬೆಂಗಳೂರಿನದು ಬೇರೆ ಲೆಕ್ಕ. ನಾವಿರುವುದು 900 ಮೀಟರ್ ಎತ್ತರದಲ್ಲಿ. ಹಡಗನ್ನು ಇಲ್ಲಿಗೆ ಹತ್ತಿಸುವ ಮಾತೇ ಇಲ್ಲ. ಅದು ಚೆನ್ನೈಯಲ್ಲೇ ನಿಲ್ಲುತ್ತದೆ, ಅದರ ಹೊಟ್ಟೆಯೊಳಗಿನ ಕೋಣೆಗಳು ಮಾತ್ರ ಬಿಡಿಬಿಡಿಯಾಗಿ ಹಳಿ ಹತ್ತಿ ಘಟ್ಟ ಏರಿ ಬರುತ್ತವೆ.

ಬ್ರೂಕ್‌ಫೀಲ್ಡಿನಿಂದ ಹೊರಟರೆ ಐಟಿಪಿಎಲ್ ರಸ್ತೆಯ ನೆತ್ತಿಯ ಮೇಲೆ ಮೆಟ್ರೊ. ಕೆ.ಆರ್. ಪುರದಿಂದ ಕಾಡುಗೋಡಿವರೆಗಿನ ಈ ನೇರಳೆ ಮಾರ್ಗ ಶುರುವಾದದ್ದು 2023ರ ಮಾರ್ಚ್‌ನಲ್ಲಿ. ಮೇಲೆ ಕೊರಳಿಗೆ ಗುರುತಿನ ಚೀಟಿ ನೇತುಹಾಕಿಕೊಂಡ ಜನ, ಕೆಳಗೆ ನಲವತ್ತು ಅಡಿಯ ಟ್ರೇಲರ್. ಎರಡೂ ಹೋಗುತ್ತಿರುವುದು ಹೊರದೇಶದ ಗಿರಾಕಿಯ ಕೆಲಸಕ್ಕೇ. ಮೇಲಿನವರ ರಫ್ತಿಗೆ ತಂತಿ ಸಾಕು, ಕೆಳಗಿನವರ ರಫ್ತಿಗೆ ವೇಬ್ರಿಡ್ಜ್ ಬೇಕು. ಹೂಡಿಗೂ ವೈಟ್‌ಫೀಲ್ಡ್ ರೈಲು ನಿಲ್ದಾಣಕ್ಕೂ ನಡುವೆ, ಚೆನ್ನೈ ಹಳಿಯ ಮಗ್ಗುಲಲ್ಲಿ ಐಸಿಡಿ ಹರಡಿಕೊಂಡಿದೆ. ಈ ಹಳಿಗೂ ವಯಸ್ಸಾಗಿದೆ: ಜೋಲಾರಪೇಟೆಯಿಂದ ಬೆಂಗಳೂರು ದಂಡು ಪ್ರದೇಶಕ್ಕೆ ರೈಲು ಬಂದದ್ದು 1864ರಲ್ಲಿ.

ಒಳಗೆ ಸುಮ್ಮನೆ ನುಗ್ಗುವ ಹಾಗಿಲ್ಲ. ಇದು ಕಸ್ಟಮ್ಸ್ ಕಾವಲಿನ ನೆಲ. ಪರಿಚಯದ ಕಸ್ಟಮ್ಸ್ ಬ್ರೋಕರ್ ಒಬ್ಬರು ಪಾಸ್ ಮಾಡಿಸಿ, ಜೊತೆಗೆ ತಮ್ಮ ಹುಡುಗನನ್ನು ಕಳಿಸಿದ್ದರು. ಮಾಲೂರಿನವನು, ಕತ್ತಿನಲ್ಲಿ ಎಚ್ ಕಾರ್ಡ್. ಬ್ರೋಕರ್ ಕಚೇರಿಯ ಸಹಾಯಕರಿಗೆ ಕಸ್ಟಮ್ಸ್ ಕೊಡುವ ಗುರುತಿನ ಚೀಟಿ ಅದು. ಪರೀಕ್ಷೆ ಪಾಸಾದವರಿಗೆ ಜಿ ಕಾರ್ಡ್, ಅದರ ಮೇಲೆ ಎಫ್. "ಈ ಸಲ ಜಿ ಬರೀತೀನಿ ಸಾರ್" ಎಂದ, ನಾನು ಕೇಳದಿದ್ದರೂ. ತಲೆಗೊಂದು ಹೆಲ್ಮೆಟ್, ಮೈಮೇಲೊಂದು ಮಿಂಚುವ ಜಾಕೆಟ್ ತೊಡಿಸಿ, "ಹಳದಿ ಗೆರೆ ದಾಟಬೇಡಿ, ರೀಚ್ ಸ್ಟ್ಯಾಕರ್ ಹಿಂದಕ್ಕೆ ಬರೋವಾಗ ಡ್ರೈವರ್‌ಗೆ ನಾವು ಕಾಣಲ್ಲ" ಎಂದು ಎಚ್ಚರಿಸಿದ.

ಮೊದಲ ಸಾಲಿನಲ್ಲೇ ಖಾಲಿ ಕಂಟೈನರ್‌ಗಳ ಗುಡ್ಡ. ಕೆಂಪು, ನೀಲಿ, ಕಡುಹಸಿರು. ಒಂದರ ಮೇಲೊಂದು ಐದು ಎತ್ತರ. ಮೈಮೇಲಿನ ಹೆಸರುಗಳು ಡೆನ್ಮಾರ್ಕ್, ಸ್ವಿಟ್ಜರ್ಲೆಂಡ್, ಫ್ರಾನ್ಸ್, ತೈವಾನ್‌ನವು. ಇಪ್ಪತ್ತು ಅಡಿಯ ಬಾಕ್ಸ್ ಖಾಲಿಯಿದ್ದಾಗಲೇ ಎರಡು ಟನ್‌ಗೂ ಹೆಚ್ಚು ತೂಗುತ್ತದೆ. ಎಲ್ಲಕ್ಕೂ ಎಂಟು ಮೂಲೆ, ಪ್ರತಿ ಮೂಲೆಗೂ ಮೊಟ್ಟೆಯಾಕಾರದ ತೂತಿರುವ ಉಕ್ಕಿನ ಗಟ್ಟಿ ತುಂಡು. ಕ್ರೇನು ಹಿಡಿಯುವುದು, ಹಡಗಿನಲ್ಲಿ ಬಿಗಿಯುವುದು, ರೈಲಿನ ಮೇಲೆ ಕೂರಿಸುವುದು ಎಲ್ಲವೂ ಆ ತೂತುಗಳಿಂದಲೇ. 1956ರ ಏಪ್ರಿಲ್ 26ರಂದು ಮಾಲ್ಕಮ್ ಮೆಕ್‌ಲೀನ್ ಎಂಬ ಲಾರಿ ಮಾಲೀಕ ಐಡಿಯಲ್ ಎಕ್ಸ್ ಎಂಬ ಹಳೆಯ ತೈಲ ಹಡಗಿನ ಮೇಲೆ 58 ಪೆಟ್ಟಿಗೆ ಹೇರಿ ನೆವಾರ್ಕ್‌ನಿಂದ ಹೂಸ್ಟನ್‌ಗೆ ಕಳಿಸಿದ ದಿನದಿಂದ ಈ ವ್ಯಾಪಾರದ ಕಥೆ ಶುರು. ಪೆಟ್ಟಿಗೆಯಲ್ಲಿ ದೊಡ್ಡ ಜಾಣತನವೇನಿಲ್ಲ. ಜಗತ್ತಿನ ಎಲ್ಲ ಬಂದರುಗಳೂ ಒಂದೇ ಅಳತೆಯ ತೂತಿಗೆ ಒಪ್ಪಿಕೊಂಡದ್ದೇ ದೊಡ್ಡದು.

ಭಾರತಕ್ಕೆ ಮೊದಲ ಕಂಟೈನರ್ ಬಂದದ್ದು 1973ರಲ್ಲಿ, ಕೊಚ್ಚಿಗೆ. ಅದು ಕಡಲ ತಡಿಯಲ್ಲೇ ಉಳಿಯಿತು. ಕಂಟೈನರ್ ಒಂದನ್ನು ರೈಲಿನಲ್ಲಿ ಒಳನಾಡಿಗೆ ತರುವ ಸಾಹಸ ಮೊದಲು ನಡೆದದ್ದು 1981ರಲ್ಲಿ, ಬೆಂಗಳೂರಿಗೆ. ಆಗ ಐಸಿಡಿ ನಡೆಸುತ್ತಿದ್ದುದು ರೈಲ್ವೆಯೇ. 1988ರಲ್ಲಿ ಕಂಟೈನರ್ ಕಾರ್ಪೊರೇಷನ್, ಅಂದರೆ ಕಾನ್ಕಾರ್ ಹುಟ್ಟಿ, ಮರುವರ್ಷ ನವೆಂಬರಿನಲ್ಲಿ ರೈಲ್ವೆಯಿಂದ ಏಳು ಐಸಿಡಿಗಳನ್ನು ವಹಿಸಿಕೊಂಡಿತು. ಈ ದೇಶದ ಒಳನಾಡಿನ ಬಂದರುಗಳ ಪೈಕಿ ಬೆಂಗಳೂರೇ ಹಿರಿಯಣ್ಣ. ಸಾಫ್ಟ್‌ವೇರಿನ ಹೆಸರು ಬರುವ ಮೊದಲೇ ಬಂದಿದ್ದ ಈ ಕೀರ್ತಿಯನ್ನು ನಮ್ಮ ನಗರ ಮರೆತೇಬಿಟ್ಟಿದೆ.

ಹುಡುಗ ಒಂದು ಖಾಲಿ ಬಾಕ್ಸಿನ ಮುಂದೆ ನಿಂತ. ರಫ್ತಿಗೆ ಹೋಗುವ ಮೊದಲು ಅದರ ಮೈ ಪರೀಕ್ಷೆಯಾಗಬೇಕು. ಸರ್ವೇಯರ್ ಒಬ್ಬರು ಹೊರಗಿನ ಸುಕ್ಕುಗಟ್ಟಿದ ಉಕ್ಕಿನ ಗೋಡೆಯ ಮೇಲೆ ಕೈಯಾಡಿಸುತ್ತಾ ಒಂದು ಸುತ್ತು ಬಂದು, "ಬನ್ನಿ ಸಾರ್, ಒಳಗೆ ಬನ್ನಿ" ಎಂದು ಕರೆದರು. ನೆಲಕ್ಕೆ ಗಟ್ಟಿ ಪ್ಲೈವುಡ್, ದಪ್ಪ 28 ಮಿಲಿಮೀಟರ್. ಅದರ ಮೇಲೆ ಹಿಂದಿನ ಯಾವುದೋ ಸರಕಿನ ಮೊಳೆಗುರುತುಗಳು, ಫೋರ್ಕ್‌ಲಿಫ್ಟಿನ ಚಕ್ರದ ಕಪ್ಪು. ಹೊರಗಿನಿಂದ ಬಾಗಿಲು ಮುಚ್ಚಿದರು. ಎರಡೂ ಬಾಗಿಲಿನ ರಬ್ಬರ್ ಅಂಚು ಕೂಡಿದೊಡನೆ ಗಾಢ ಕತ್ತಲೆ, ಜೊತೆಗೆ ಬಿಸಿ ಉಕ್ಕಿನ ವಾಸನೆ. "ಟಾರ್ಚ್ ಹಾಕಬೇಡಿ, ಮೇಲೆ ನೋಡಿ" ಎಂದರು. ಬಲ ಮೂಲೆಯಲ್ಲಿ ಸಾಸಿವೆ ಕಾಳಿನಷ್ಟು ಬೆಳಕು. ಅಷ್ಟೇ ಸಾಕು. ಆ ತೂತಿನಿಂದ ಹನಿಹನಿಯಾಗಿ ನೀರು ಇಳಿದರೆ ಮೂರು ವಾರದ ಕಡಲ ಪಯಣದಲ್ಲಿ ಒಂದು ರಾಶಿ ಬಟ್ಟೆಗೆ ಬೂಸಲು ಹಿಡಿಯುತ್ತದೆ. ಬಾಗಿಲು ತೆಗೆಸಿ ಹೊರಬಂದು ಚಾಕ್‌ಪೀಸಿನಲ್ಲಿ ಬಾಕ್ಸಿನ ಮೇಲೊಂದು ಗುರುತು ಹಾಕಿದರು: ರಿಪೇರಿಗೆ. ಎಕ್ಸ್‌ರೇ ಇಲ್ಲ, ಯಂತ್ರವಿಲ್ಲ. ಕತ್ತಲೆಯೇ ಇಲ್ಲಿನ ಉಪಕರಣ.

ಪಕ್ಕದ ಶೆಡ್ಡಿನಲ್ಲಿ ಸ್ಟಫಿಂಗ್ ನಡೆದಿತ್ತು, ಎಂದರೆ ಸರಕು ತುಂಬುವುದು. ಕಾಫಿ ಬೀಜ. ಒಳಗೋಡೆಗೆಲ್ಲ ಕಂದು ಕ್ರಾಫ್ಟ್ ಕಾಗದ ಹೊದಿಸಿದ್ದರು. ಗೋಡೆಯ ಕೊಕ್ಕೆಗಳಿಗೆ ತೇವ ಹೀರುವ ಉದ್ದನೆಯ ಚೀಲ ನೇತುಹಾಕಿದ್ದರು. ಕಾಫಿ ಬೀಜ ತನ್ನೊಳಗೇ ತೇವ ಇಟ್ಟುಕೊಂಡಿರುತ್ತದೆ. ಇಲ್ಲಿನ ಬಿಸಿಲಿನಲ್ಲಿ ಕಾಯ್ದ ಬಾಕ್ಸ್ ಯುರೋಪಿನ ಚಳಿಗೆ ಹೋದಾಗ ಆ ತೇವ ಆವಿಯಾಗಿ ಚಾವಣಿಗೆ ಹತ್ತಿ, ತಣಿದು, ಮತ್ತೆ ಮೂಟೆಗಳ ಮೇಲೆಯೇ ಉದುರುತ್ತದೆ. ಹೊರಗೆ ಮಳೆಯಿಲ್ಲದಿದ್ದರೂ ಒಳಗೆ ಮಳೆ. ಹಾಗಾಗಿ ಈ ಕಾಗದ, ಈ ಚೀಲ. ಒಂದು ಮೂಟೆ 60 ಕಿಲೊ. ಇಪ್ಪತ್ತಡಿಯ ಬಾಕ್ಸಿಗೆ 320 ಮೂಟೆ, ಅಲ್ಲಿಗೆ 19.2 ಟನ್. ಹಮಾಲಿಗಳು ಇಬ್ಬಿಬ್ಬರಾಗಿ ಎತ್ತುತ್ತಾ, ಇಟ್ಟಿಗೆ ಗೋಡೆ ಕಟ್ಟುವ ಹಾಗೆ ಒಂದು ಸಾಲಿನ ಸಂದಿನ ಮೇಲೆ ಇನ್ನೊಂದು ಸಾಲಿನ ಮಧ್ಯ ಬರುವಂತೆ ಜೋಡಿಸುತ್ತಿದ್ದರು. ಮೇಸ್ತ್ರಿ ಬಾಗಿಲಲ್ಲಿ ನಿಂತು ಐದೈದಕ್ಕೆ ಒಂದು ಗೀರು ಎಳೆಯುತ್ತಾ ಲೆಕ್ಕ ಇಡುತ್ತಿದ್ದರು. ನಾನು ಮಾತಿಗೆಳೆದರೆ ಲೆಕ್ಕ ತಪ್ಪೀತೆಂದು ಹುಡುಗ ಕಣ್ಸನ್ನೆ ಮಾಡಿದ.

ಎಲ್ಲ ಸರಕೂ ಒಂದೇ ರೀತಿ ತುಂಬುವುದಿಲ್ಲ. ಗ್ರಾನೈಟ್ ಚಪ್ಪಡಿ ಬಂದರೆ ಬಾಕ್ಸಿನ ಮುಕ್ಕಾಲು ಭಾಗ ಗಾಳಿ. ತೂಕ ಮೊದಲೇ ತುಂಬಿಹೋಗಿರುತ್ತದೆ. ಸಿದ್ಧ ಉಡುಪು ಬಂದರೆ ಚಾವಣಿ ಮುಟ್ಟುವವರೆಗೆ ರಟ್ಟಿನ ಪೆಟ್ಟಿಗೆ, ತೂಕ ಮಾತ್ರ ಹಗುರ. ಪೀಣ್ಯದ ಯಂತ್ರ, ಬಿಡಿಭಾಗಗಳಿಗೆ ಮರದ ಪ್ಯಾಲೆಟ್ ಬೇಕು, ಮರವೆಂದರೆ ಇನ್ನೊಂದು ತಕರಾರು. ಹುಡುಗ ಬಗ್ಗಿ ಒಂದು ಪ್ಯಾಲೆಟ್ಟಿನ ಬದಿ ತೋರಿಸಿದ. ಕಾಯಿಸಿದ ಕಬ್ಬಿಣದಿಂದ ಸುಟ್ಟು ಒತ್ತಿದ ಮುದ್ರೆ: ಒಂದು ಗೋಧಿ ತೆನೆ, ಐಎನ್ ಎಂಬ ಎರಡಕ್ಷರ, ಕೆಳಗೆ ಎಚ್‌ಟಿ. ಈ ಮರದ ಒಡಲನ್ನು 56 ಡಿಗ್ರಿ ಶಾಖದಲ್ಲಿ ಅರ್ಧ ಗಂಟೆ ಕಾಯಿಸಲಾಗಿದೆ, ಒಳಗೆ ಹುಳ ಬದುಕಿಲ್ಲ ಎಂಬ ಅಂತರರಾಷ್ಟ್ರೀಯ ವಚನ ಅದು. ಈ ಮುದ್ರೆ ಇಲ್ಲದ ಒಂದೇ ಒಂದು ಪ್ಯಾಲೆಟ್ ಇದ್ದರೆ ಆಚೆಯ ದಡದಲ್ಲಿ ಇಡೀ ಕಂಟೈನರ್ ತಡೆದು ನಿಲ್ಲಿಸಬಹುದು. ಕೋಟಿ ರೂಪಾಯಿಯ ಯಂತ್ರ, ಅದರಡಿಯ ಸೌದೆಯ ತುಂಡಿನಿಂದಾಗಿ ವಾಪಸ್.

ತುಂಬಿದ ಮೇಲೆ ಸೀಲ್. ಬೆರಳುದ್ದದ ಬೋಲ್ಟ್ ಸೀಲು 'ಟಕ್' ಎಂದು ಕೂತಿತೆಂದರೆ ಮುಗಿಯಿತು, ಮುಂದೆ ಅದನ್ನು ಕತ್ತರಿಸದೆ ತೆಗೆಯಲಾಗದು. ಕಾರ್ಖಾನೆಯಲ್ಲೇ ತುಂಬಿ ಬರುವ ಬಾಕ್ಸ್‌ಗಳಿಗೆ ಹಿಂದೆ ಕೇಂದ್ರ ಅಬಕಾರಿ ಇನ್‌ಸ್ಪೆಕ್ಟರು ಹೋಗಿ ಸೀಲ್ ಹಾಕಬೇಕಿತ್ತು. 2017ರಿಂದ ರಫ್ತುದಾರರೇ ಇ-ಸೀಲ್ ಹಾಕಿಕೊಳ್ಳುತ್ತಾರೆ. ಗೇಟಿನಲ್ಲಿ ಯಂತ್ರ ಅದನ್ನು ಓದುತ್ತದೆ. ಇನ್‌ಸ್ಪೆಕ್ಟರಿಗೆ ಕಾರು ಕಳಿಸುವ, ಕಾಯುವ, ಕಾಫಿ ಕೊಡಿಸುವ ಅಧ್ಯಾಯವೊಂದು ಅಲ್ಲಿಗೆ ಮುಗಿಯಿತು. ಅದಕ್ಕಾಗಿ ಅತ್ತವರನ್ನು ನಾನಂತೂ ಕಂಡಿಲ್ಲ.

ತೂಕದ ವಿಷಯದಲ್ಲಿ ಮಾತ್ರ ಯಾರನ್ನೂ ನಂಬುವುದಿಲ್ಲ. ಅದಕ್ಕೆ ಕಾರಣವಿದೆ. 2007ರ ಜನವರಿಯಲ್ಲಿ ಎಂಎಸ್‌ಸಿ ನಾಪೊಲಿ ಎಂಬ ಹಡಗು ಇಂಗ್ಲಿಷ್ ಕಾಲುವೆಯಲ್ಲಿ ಬಿರುಗಾಳಿಗೆ ಸಿಕ್ಕಿ ಬಿರುಕು ಬಿಟ್ಟಿತು. ಆಮೇಲೆ ಡೆಕ್ಕಿನ ಮೇಲಿದ್ದ ಕಂಟೈನರ್‌ಗಳನ್ನು ತೂಗಿ ನೋಡಿದರೆ, ಸುಮಾರು ಐದಕ್ಕೊಂದರ ನಿಜ ತೂಕಕ್ಕೂ ಕಾಗದದ ತೂಕಕ್ಕೂ ಮೂರು ಟನ್‌ಗಿಂತ ಹೆಚ್ಚು ವ್ಯತ್ಯಾಸ. ಹಡಗಿನ ಸಮತೋಲ ಲೆಕ್ಕ ಹಾಕುವವನು ನಂಬುವುದು ಕಾಗದವನ್ನೇ. ಕೊನೆಗೆ 2016ರ ಜುಲೈ 1ರಿಂದ, ತುಂಬಿದ ಪ್ರತಿ ಕಂಟೈನರಿನ ತೂಕವನ್ನೂ ದೃಢೀಕರಿಸದೆ ಹಡಗಿಗೆ ಏರಿಸುವಂತಿಲ್ಲ ಎಂಬ ನಿಯಮ ಜಗತ್ತಿಗೆಲ್ಲ ಬಂತು. ದೃಢೀಕರಿಸಿದ ಆ ತೂಕಕ್ಕೆ ವಿಜಿಎಂ ಎಂದು ಹೆಸರು. ಇಲ್ಲಿ ಯಾರೂ ಆ ಹಡಗಿನ ಹೆಸರು ಎತ್ತುವುದಿಲ್ಲ. 'ವಿಜಿಎಂ ಆಯ್ತಾ?' ಎಂದಷ್ಟೇ ಕೇಳುತ್ತಾರೆ.

ಆಮದಿನ ಕಡೆಗೆ ಬಂದರೆ ವಾತಾವರಣವೇ ಬೇರೆ. ರಫ್ತಿನಲ್ಲಿ ಅವಸರ, ಆಮದಿನಲ್ಲಿ ಅನುಮಾನ. ಎಲ್ಲ ಬಾಕ್ಸನ್ನೂ ತೆರೆದು ನೋಡುವುದಿಲ್ಲ. ಯಾವುದನ್ನು ನೋಡಬೇಕು, ಯಾವುದನ್ನು ಬಿಡಬೇಕು ಎಂದು ಅಪಾಯದ ಲೆಕ್ಕ ಹಾಕಿ ಕಂಪ್ಯೂಟರ್ ಹೇಳುತ್ತದೆ. ಕಡತ ನೋಡುವ ಅಧಿಕಾರಿಯೂ ಈಗ ಇದೇ ಕಟ್ಟಡದಲ್ಲಿ ಇರಬೇಕೆಂದಿಲ್ಲ. ಮುಖ ನೋಡದೆ ಮೌಲ್ಯಮಾಪನ ಮಾಡುವ ಪದ್ಧತಿಯನ್ನು 2020ರ ಜೂನ್ 8ರಂದು ದೇಶದಲ್ಲಿ ಮೊದಲು ತಂದದ್ದು ಬೆಂಗಳೂರು ಮತ್ತು ಚೆನ್ನೈಯಲ್ಲೇ. ಅದೇ ವರ್ಷ ಅಕ್ಟೋಬರ್ ಕೊನೆಗೆ ಎಲ್ಲೆಡೆ ಹಬ್ಬಿತು. ಇಲ್ಲಿಳಿದ ಯಂತ್ರದ ಕಾಗದವನ್ನು ಇನ್ಯಾವುದೋ ಊರಿನ ಅಧಿಕಾರಿ ಓದಿ ಪ್ರಶ್ನೆ ಕೇಳಬಹುದು. "ಮೊದಲು ಹೋಗಿ ಎದುರು ನಿಂತು ಹೇಳಿದ್ರೆ ಅರ್ಥ ಮಾಡ್ಕೊಳ್ಳೋರು ಸಾರ್. ಈಗ ಟೈಪ್ ಮಾಡಬೇಕು" ಎಂದ ಹುಡುಗ. ಎದುರು ನಿಂತು ಹೇಳುವುದರ ಜೊತೆಗೆ ಇನ್ನೇನೇನು ನಡೆಯುತ್ತಿತ್ತೆಂಬುದು ಬೇರೆ ವಿಷಯ. ಪದ್ಧತಿ ಬದಲಾದದ್ದೇ ಅದಕ್ಕಾಗಿ.

ಪರೀಕ್ಷೆಗೆ ತೆರೆದಿದ್ದ ಒಂದು ಬಾಕ್ಸ್ ನೋಡಿ ನಿಂತೆ. ಯಾರದೋ ಸಂಸಾರ. ಹೊರದೇಶದಲ್ಲಿ ಹಲವು ವರ್ಷ ಇದ್ದು ಊರಿಗೆ ಮರಳುವವರ ಮನೆ ಸಾಮಾನು ಹೀಗೆಯೇ ಬರುತ್ತದೆ, ಐಟಿ ಮಂದಿ ತುಂಬಿದ ಬ್ರೂಕ್‌ಫೀಲ್ಡ್ ಕಡೆಯ ವಿಳಾಸಗಳಿಗೆ ಇದು ಅಪರೂಪವೇನಲ್ಲ. ಪ್ಲಾಸ್ಟಿಕ್ ಸುತ್ತಿದ ಸೋಫಾ, ಮಕ್ಕಳ ಎರಡು ಸೈಕಲ್, ಹಿಮದಲ್ಲಿ ಜಾರುವ ಬಂಡಿ, ಒಂದು ದೊಡ್ಡ ಬಾರ್ಬೆಕ್ಯೂ ಒಲೆ. ಇದ್ದಕ್ಕಿದ್ದಂತೆ ನಡುವೆ ಒಂದು ವೆಟ್ ಗ್ರೈಂಡರ್. ಇಲ್ಲಿಂದ ಹೋಗಿ ಅಲ್ಲಿ ರುಬ್ಬಿ ಮತ್ತೆ ಇಲ್ಲಿಗೇ ಬಂದಿತ್ತು. ಅಧಿಕಾರಿ ಪಟ್ಟಿ ಹಿಡಿದು ಒಂದೊಂದಕ್ಕೇ ಟಿಕ್ ಹಾಕುತ್ತಿದ್ದರು. ಗ್ರೈಂಡರಿನ ಬಳಿ ಬಂದಾಗ ತಲೆ ಎತ್ತಿ ಮಾಲೀಕರತ್ತ ನೋಡಿ, "ಇದನ್ಯಾಕೆ ಹೊತ್ತು ತಂದ್ರಿ?" ಎಂದರು. "ಅಮ್ಮ ಕೊಟ್ಟಿದ್ದು ಸಾರ್." ಟಿಕ್ ಬಿತ್ತು.

ಮಧ್ಯಾಹ್ನದ ಹೊತ್ತಿಗೆ ಹಳಿಯ ಕಡೆ ನಡೆದೆವು. ಅಲ್ಲಿ ರೇಕ್ ನಿಂತಿತ್ತು. ನಲವತ್ತೈದು ವ್ಯಾಗನ್, ಒಂದೊಂದರ ಮೇಲೆ ಇಪ್ಪತ್ತಡಿಯ ಎರಡು ಅಥವಾ ನಲವತ್ತಡಿಯ ಒಂದು. ಇಪ್ಪತ್ತಡಿ ಲೆಕ್ಕದಲ್ಲಿ ಒಟ್ಟು 90. ಐದೈದು ವ್ಯಾಗನ್ ಸೇರಿ ಒಂದು ಗುಂಪು. ಇವುಗಳ ತಟ್ಟೆ ನೆಲದಿಂದ ಒಂದು ಮೀಟರಿನಷ್ಟೇ ಎತ್ತರ. ಬೇಕೆಂದೇ ತಗ್ಗಿಸಿ ಕಟ್ಟಿದ್ದಾರೆ: ಒಂಬತ್ತೂವರೆ ಅಡಿ ಎತ್ತರದ ಕಂಟೈನರ್ ಕೂತರೂ ಮೇಲಿನ ವಿದ್ಯುತ್ ತಂತಿಗೆ ತಗುಲಬಾರದಲ್ಲ. ಪಶ್ಚಿಮದ ಸರಕು ಕಾರಿಡಾರಿನಲ್ಲಿ ತಂತಿಯನ್ನೇ ಮೇಲಕ್ಕೆತ್ತಿ ಒಂದರ ಮೇಲೊಂದು ಎರಡು ಬಾಕ್ಸ್ ಸಾಗಿಸುತ್ತಾರೆ. ನಮ್ಮ ಚೆನ್ನೈ ಹಾದಿಯಲ್ಲಿ ಒಂದೇ.

ರೀಚ್ ಸ್ಟ್ಯಾಕರಿನದು ನೋಡುವಂಥ ಕೆಲಸ. ಮುಂದಕ್ಕೆ ಚಾಚಿದ ತೋಳು, ತುದಿಯಲ್ಲಿ ಅಡ್ಡಲಾದ ಹಿಡಿ. ಹಿಡಿಯ ನಾಲ್ಕು ಮೊಳೆಗಳು ಬಾಕ್ಸಿನ ಮೇಲ್ಮೂಲೆಯ ನಾಲ್ಕು ತೂತಿಗೆ ಇಳಿದು ತಿರುಗಿ ಬಿಗಿದುಕೊಳ್ಳಬೇಕು. ನಾಲ್ಕೂ ಕೂತರೆ ಡ್ರೈವರಿನ ಮುಂದೆ ಹಸಿರು ದೀಪ, ಅಲ್ಲಿಯವರೆಗೆ ಎತ್ತುವಂತಿಲ್ಲ. ಈ ಡ್ರೈವರ್ ಒಮ್ಮೆಯೂ ತಡವರಿಸಲಿಲ್ಲ. ಇಪ್ಪತ್ತೈದು ಟನ್ನಿನ ಬಾಕ್ಸನ್ನು ಎತ್ತಿ, ಅರ್ಧ ತಿರುಗಿಸಿ, ವ್ಯಾಗನ್ನಿನ ಮೇಲೆ ತಂದು, ಕೊನೆಯ ಒಂದು ಗೇಣಿನಲ್ಲಿ ಮಾತ್ರ ಉಸಿರು ಹಿಡಿದವರಂತೆ ನಿಧಾನಿಸಿ ಇಳಿಸಿದರು. ಕೆಳಗಿನ ಚೆಕ್ಕರ್ ಬಾಕ್ಸಿನ ಸಂಖ್ಯೆ ಕೂಗಿದರು: ನಾಲ್ಕಕ್ಷರ, ಆರಂಕಿ, ಕೊನೆಗೆ ಚೌಕದೊಳಗೆ ಒಂಟಿ ಅಂಕಿ. ಆ ಒಂಟಿ ಅಂಕಿ ಸುಮ್ಮನೆ ಬಂದದ್ದಲ್ಲ. ಹಿಂದಿನ ಹತ್ತನ್ನೂ ಒಂದು ಸೂತ್ರದಂತೆ ಗುಣಿಸಿ ಕೂಡಿ 11ರಿಂದ ಭಾಗಿಸಿದಾಗ ಉಳಿಯುವ ಶೇಷ ಅದು. ಯಾರಾದರೂ ಒಂದಂಕಿ ತಪ್ಪಾಗಿ ಬರೆದುಕೊಂಡರೆ ಶೇಷ ತಾಳೆಯಾಗದೆ ಕಂಪ್ಯೂಟರ್ ಅಲ್ಲೇ ತಗಾದೆ ತೆಗೆಯುತ್ತದೆ.

ಇಷ್ಟೆಲ್ಲದರ ಯಜಮಾನ ಯಾರು? ಕಾನ್ಕಾರ್ ಅಲ್ಲ, ಕಸ್ಟಮ್ಸೂ ಅಲ್ಲ. ದಿನವಿಡೀ ಕಿವಿಗೆ ಬಿದ್ದ ಒಂದೇ ಮಾತು 'ಕಟ್ ಆಫ್'. ಚೆನ್ನೈಯಲ್ಲಿ ಹಡಗು ಬಂದು ನಿಲ್ಲುವ ದಿನಕ್ಕೆ ಮೊದಲು ಬಂದರಿನ ಗೇಟು ಆ ಹಡಗಿನ ಬಾಕ್ಸ್‌ಗಳಿಗೆ ಮುಚ್ಚುತ್ತದೆ. ಆ ಗಳಿಗೆಯಿಂದ ಹಿಂದಕ್ಕೆ ಎಣಿಸುತ್ತಾ ಬನ್ನಿ: ರೈಲಿನ ಒಂದು ರಾತ್ರಿ, ರೇಕ್ ತುಂಬುವ ಹೊತ್ತು, ಕಸ್ಟಮ್ಸಿನ ಅಪ್ಪಣೆ, ತೂಕ, ಸ್ಟಫಿಂಗ್, ಖಾಲಿ ಬಾಕ್ಸ್ ಹುಡುಕಾಟ, ಕೊನೆಗೆ ಪೀಣ್ಯದಲ್ಲೋ ಬೊಮ್ಮಸಂದ್ರದಲ್ಲೋ ರಾತ್ರಿ ಪಾಳಿಯಲ್ಲಿ ಪ್ಯಾಕ್ ಮಾಡುತ್ತಿರುವ ಹೆಣ್ಣುಮಗಳ ಕೈ. ಅವರ್ಯಾರೂ ನೋಡದ ಒಂದು ಹಡಗು ಅವರೆಲ್ಲರ ಗಡಿಯಾರವನ್ನು ತಿರುಗಿಸುತ್ತಿರುತ್ತದೆ. ಹುಡುಗನಿಗೆ ಆ ವಾರ ಚೆನ್ನೈಗೆ ಬರುವ ಹಡಗುಗಳ ಹೆಸರು ಬಾಯಿಪಾಠ. ಯಾವುದು ಒಂದು ದಿನ ತಡ, ಯಾವುದು ಕೊಲಂಬೊ ಮುಟ್ಟಿ ಅಲ್ಲಿ ದೊಡ್ಡ ಹಡಗಿಗೆ ದಾಟಿಸುತ್ತದೆ, ಎಲ್ಲ ಗೊತ್ತು. ಚೆನ್ನೈ ಬಂದರು ನೋಡಿದ್ದೀಯಾ ಎಂದೆ. "ಮರೀನಾ ಬೀಚ್ ನೋಡಿದೀನಿ ಸಾರ್."

ಕಟ್ ಆಫ್ ತಪ್ಪಿದರೆ ಬಾಕ್ಸ್ 'ಶಟ್ ಔಟ್'. ಮುಂದಿನ ಹಡಗಿಗೆ ಕಾಯಬೇಕು. ನಿಂತ ನೆಲಕ್ಕೆ ಬಾಡಿಗೆ, ಬಾಕ್ಸಿಗೆ ಡಿಟೆನ್ಷನ್ ಶುಲ್ಕ, ಗಿರಾಕಿಗೆ ಸಬೂಬು. ತಪ್ಪು ಇಲ್ಲಿನವರದೇ ಆಗಬೇಕೆಂದಿಲ್ಲ. 2023ರ ಡಿಸೆಂಬರ್ ಮೊದಲ ವಾರ ಮಿಚಾಂಗ್ ಚಂಡಮಾರುತಕ್ಕೆ ಚೆನ್ನೈ ಮುಳುಗಿ ಬಂದರಿನ ಕೆಲಸ ನಿಂತಿತು. ಅದಕ್ಕೆ ಹಿಂದಿನ ತಿಂಗಳಷ್ಟೇ ಕೆಂಪು ಸಮುದ್ರದಲ್ಲಿ ಗ್ಯಾಲಕ್ಸಿ ಲೀಡರ್ ಹಡಗನ್ನು ಹೂಥಿ ಬಂಡುಕೋರರು ಹಿಡಿದಿದ್ದರು. ಮುಂದೆ ದಾಳಿಗಳು ಹೆಚ್ಚಿದಂತೆ ಯುರೋಪಿಗೆ ಹೋಗುವ ಹಡಗುಗಳು ಸೂಯೆಜ್ ಬಿಟ್ಟು ಆಫ್ರಿಕಾದ ತುದಿ ಸುತ್ತತೊಡಗಿದವು. ಪಯಣಕ್ಕೆ ಹತ್ತರಿಂದ ಹದಿನಾಲ್ಕು ದಿನ ಹೆಚ್ಚಿತು. ಪಯಣ ಉದ್ದವಾದರೆ ಬಾಕ್ಸ್ ತಿರುಗಿ ಬರುವುದೂ ತಡ, ಆಗ ಖಾಲಿ ಬಾಕ್ಸಿಗೆ ಬರ. 2021ರ ಮಾರ್ಚ್‌ನಲ್ಲಿ ಎವರ್ ಗಿವನ್ ಎಂಬ ಹಡಗು ಸೂಯೆಜ್ ಕಾಲುವೆಗೆ ಅಡ್ಡ ಸಿಕ್ಕಿಕೊಂಡದ್ದು ಆರು ದಿನ. ಅದರ ಬಿಸಿ ತಟ್ಟುವಾಗ ಊರು 900 ಮೀಟರ್ ಎತ್ತರದಲ್ಲಿದೆ, ಕಡಲು 360 ಕಿಲೋಮೀಟರ್ ದೂರದಲ್ಲಿದೆ ಎಂಬುದು ಲೆಕ್ಕಕ್ಕೆ ಬರುವುದಿಲ್ಲ.

ರೈಲು ಇಷ್ಟು ಸಲೀಸಾಗಿದ್ದರೆ ಎಲ್ಲರೂ ಅದನ್ನೇ ಯಾಕೆ ಹಿಡಿಯುವುದಿಲ್ಲ ಎಂದು ಕೇಳಿದೆ. ರೈಲು ಹೊರಡಲು ಸಾಕಷ್ಟು ಬಾಕ್ಸ್ ಕೂಡಬೇಕು. ಲಾರಿಗೆ ಒಂದಿದ್ದರೆ ಸಾಕು. ರಾತ್ರಿ ಹೊಸಕೋಟೆ ದಾಟಿದರೆ ಬೆಳಗಾಗುವಷ್ಟರಲ್ಲಿ ತಮಿಳುನಾಡಿನ ಒಳಗಿರುತ್ತದೆ. ಅವಸರದವರು ರಸ್ತೆ ಹಿಡಿಯುತ್ತಾರೆ. ಆದರೆ ಚೆನ್ನೈ ಬಂದರಿನ ಗೇಟಿನ ಮುಂದಿನ ಟ್ರೇಲರ್ ಸಾಲಿನ ಖ್ಯಾತಿ ಸಾಮಾನ್ಯದ್ದಲ್ಲ. ಉಳಿದಂತೆ ಈ ಊರಿನಲ್ಲೇ ಟ್ರೇಲರಿನ ಪಾಡು ನೋಡಬೇಕು. ದಟ್ಟಣೆಯ ಹೊತ್ತಿನಲ್ಲಿ ಭಾರಿ ವಾಹನಗಳಿಗೆ ನಗರದೊಳಗೆ ತಡೆ. ಹೊರಬಿದ್ದ ಟ್ರೇಲರ್ ರಸ್ತೆ ಪಕ್ಕ ಕಾಯುತ್ತದೆ, ಕಾಯುವ ಟ್ರೇಲರನ್ನು ಬೈಯುತ್ತಾ ಕಾರುಗಳು ಹೋಗುತ್ತವೆ. ಐಸಿಡಿ ಇಲ್ಲಿ ನೆಲೆ ಕಂಡಾಗ ಸುತ್ತ ಇಷ್ಟು ಅಪಾರ್ಟ್‌ಮೆಂಟ್‌ಗಳಿರಲಿಲ್ಲ. ಊರೇ ಬಂದು ಅದನ್ನು ಸುತ್ತಿಕೊಂಡಿತು. ಕಾರಿನೊಳಗೆ ಕೂತು ಬೈಯುವವರ ಮನೆಯ ಟಿವಿ, ಟೈಲ್ಸ್, ಮಗುವಿನ ಗೊಂಬೆ ಎಲ್ಲವೂ ಒಂದಲ್ಲ ಒಂದು ಬಾಕ್ಸಿನಲ್ಲೇ ಬಂದಿರುತ್ತವೆ ಎಂದು ಟ್ರೇಲರ್ ಡ್ರೈವರುಗಳೇನೂ ವಾದಿಸಲು ಹೋಗುವುದಿಲ್ಲ. ಅವರು ಕ್ಯಾಬಿನ್ನಿನಲ್ಲೇ ಸ್ಟೌ ಹಚ್ಚಿ ಅನ್ನಕ್ಕೆ ಇಟ್ಟಿರುತ್ತಾರೆ.

ದಾಬಸ್‌ಪೇಟೆ ಬಳಿ ಸುಮಾರು 400 ಎಕರೆಯಲ್ಲಿ ಬಹುಮಾದರಿ ಲಾಜಿಸ್ಟಿಕ್ ಪಾರ್ಕ್ ಏಳಲಿದೆ. ಪೀಣ್ಯ, ನೆಲಮಂಗಲದವರಿಗೆ ಅದು ಅನುಕೂಲ. ಸರಕು ಊರು ದಾಟಿ ಈ ತುದಿಗೆ ಬರಬೇಕಿಲ್ಲ. ಹಾಗಾದರೆ ವೈಟ್‌ಫೀಲ್ಡ್ ಖಾಲಿಯಾಗುತ್ತದೆಯೇ ಎಂದರೆ ಇಲ್ಲಿನ ಹಳಬರು ನಗುತ್ತಾರೆ. ಹೊಸೂರು, ನರಸಾಪುರ, ಮಾಲೂರು, ಬೊಮ್ಮಸಂದ್ರ ಇಷ್ಟೂ ಈ ಕಡೆಯೇ ಇವೆಯಲ್ಲ ಎನ್ನುತ್ತಾರೆ. ಚೆನ್ನೈ ಹಳಿಯೂ ಈ ಕಡೆಯೇ. ನನಗೂ ಅವರ ಮಾತೇ ಸರಿ ಎನಿಸಿತು. ಊರಿನ ಎರಡು ತುದಿಗೂ ಒಂದೊಂದು ಬಂದರು ಬೇಕಾಗುವಷ್ಟು ಬೆಂಗಳೂರು ಬೆಳೆದುಬಿಟ್ಟಿದೆ.

ಸಂಜೆಗೆ ರೇಕ್ ತುಂಬಿತು. ರೈಲ್ವೆಯವರು ಬಾಕ್ಸ್ ಬಾಕ್ಸಿಗೂ ಕೈಯಿಟ್ಟು ನೋಡುತ್ತಾ ಕೊನೆಯವರೆಗೆ ನಡೆದುಹೋದರು. ಬ್ರೋಕರ್ ಹುಡುಗನ ಫೋನು ಆಗಿನಿಂದಲೂ ಬಿಡುವಿಲ್ಲದೆ ಹೊಡೆದುಕೊಳ್ಳುತ್ತಿತ್ತು. ಪೀಣ್ಯದ ರಫ್ತುದಾರರೊಬ್ಬರು.

"ಹೋಯ್ತೇನಪ್ಪಾ ನಮ್ದು?"

"ಹಳಿ ಹತ್ತಿದೆ ಸಾರ್. ನಾಳೆ ಬಂದರಿನೊಳಗೆ ಹೋಗುತ್ತೆ."

"ಬಿ.ಎಲ್. ಯಾವಾಗ?"

ಬಿ.ಎಲ್. ಎಂದರೆ ಹಡಗಿನ ಕಂಪನಿ ಕೊಡುವ ಸರಕಿನ ರಸೀದಿ. ಬ್ಯಾಂಕು ಸಾಮಾನ್ಯವಾಗಿ ಕೇಳುವುದು ಸರಕು ಹಡಗು ಹತ್ತಿದ ತಾರೀಖನ್ನು. ರೈಲು ಹತ್ತಿದ್ದು ಅದಕ್ಕೆ ಬೇಕಿಲ್ಲ. ತೆರಿಗೆ ಮರುಪಾವತಿಯದೂ ಅದೇ ಪಾಡು. ಇಲ್ಲಿಂದ ರೈಲು ಬಿಟ್ಟಾಗ ಒಂದು ಪಟ್ಟಿ ಸಲ್ಲಿಸಬೇಕು, ಚೆನ್ನೈಯಲ್ಲಿ ಹಡಗು ಬಿಟ್ಟಾಗ ಇನ್ನೊಂದು, ಎರಡೂ ತಾಳೆಯಾಗಬೇಕು. ಜಿಎಸ್‌ಟಿ ಬಂದ ಹೊಸದರಲ್ಲಿ, 2017-18ರಲ್ಲಿ, ಈ ಎರಡು ಪಟ್ಟಿ ಹೊಂದದೆ ಐಸಿಡಿ ಮೂಲಕ ಕಳಿಸಿದ ಎಷ್ಟೋ ರಫ್ತುದಾರರ ಹಣ ತಿಂಗಳುಗಟ್ಟಲೆ ಸಿಕ್ಕಿಬಿದ್ದಿತ್ತು. ಆ ಕಾಲದ ನೆನಪು ಪೀಣ್ಯದವರಿಗೆ ಇನ್ನೂ ಹಸಿ.

"ಹಡಗು ಹತ್ತಿದ ತಕ್ಷಣ ಡ್ರಾಫ್ಟ್ ಕಳಿಸ್ತೀನಿ ಸಾರ್. ನಿಮ್ಮ ಇನ್ನೊಂದು ಬಾಕ್ಸ್‌ದು ಇನ್‌ವಾಯ್ಸ್ ಇನ್ನೂ ಬಂದಿಲ್ಲ. ಗುರುವಾರ ಕಟ್ ಆಫ್."

ಆಚೆಯಿಂದ ಏನೋ ಉತ್ತರ ಬಂತು. ಹುಡುಗ ನನಗೆ ಗೇಟಿನ ದಾರಿ ತೋರಿಸಿ, ಹೆಲ್ಮೆಟ್ ವಾಪಸ್ ಇಸಿದುಕೊಂಡು, ಇನ್ನೊಂದು ಬಾಕ್ಸಿನ ಕಾಗದ ಮಾಡಿಸಲು ಕಸ್ಟಮ್ಸ್ ಕಚೇರಿಯತ್ತ ಓಡಿದ.